ಅಕ್ಕ ಕಂಡ ಕಬ್ಬಕ್ಕಿ

ನಿವೃತ್ತಿಯ ದಿನ ಶಾಲೆಯವರು ನನಗೆ ಬೈನಾಕ್ಯುಲರ್ ಕೊಟ್ಟರು. ಎಲ್ಲರಿಗೂ ಕೊಡುವ ಹಾಗೆ ಶಾಲು, ಹಾರ, ಹಣ್ಣಿನ ಬುಟ್ಟಿ ಕೊಟ್ಟು ಕಳಿಸಿದ್ದರೆ ಯಾರಿಗೂ ತೊಂದರೆ ಇರುತ್ತಿರಲಿಲ್ಲ. ಕುಶಾಲನಗರದ ಹೈಸ್ಕೂಲಿನಲ್ಲಿ ಗಣಿತ ಕಲಿಸುತ್ತಲೇ ತಲೆಗೂದಲು ಬೆಳ್ಳಗಾದವಳು ನಾನು. ಮಕ್ಕಳ ತಪ್ಪು ಹುಡುಕುವುದು ಬಿಟ್ಟರೆ ಬೇರೆ ಹವ್ಯಾಸ ಇರಲಿಲ್ಲ. ಇನ್ನು ಮನೆಯಲ್ಲಿ ಕೂತು ನೆರೆಹೊರೆಯವರ ತಪ್ಪು ಹುಡುಕುವ ಬದಲು ಹಕ್ಕಿಗಳನ್ನಾದರೂ ಹುಡುಕಲಿ ಎಂದು ಸಹೋದ್ಯೋಗಿಗಳು ಯೋಚಿಸಿರಬೇಕು.

ಯಾವುದನ್ನೂ ಅರ್ಧಕ್ಕೆ ಬಿಡದಿರುವುದು ನನ್ನ ಹಳೆಯ ಕಾಯಿಲೆ. ಹಕ್ಕಿಗಳ ಪುಸ್ತಕ ತರಿಸಿದೆ, ಹಕ್ಕಿ ನೋಡುವವರ ವಾಟ್ಸಾಪ್ ಗುಂಪಿಗೆ ಸೇರಿದೆ, ಮಳೆಗಾಲ ಮುಗಿಯುವಷ್ಟರಲ್ಲಿ ಆ ಗುಂಪಿನಲ್ಲಿ ಬೇರೆಯವರನ್ನು ತಿದ್ದಲೂ ಶುರು ಮಾಡಿದೆ. ಚಳಿಗಾಲದಲ್ಲಿ ನಮ್ಮ ಕಡೆಯ ಗದ್ದೆಗಳಿಗೆ ಗುಲಾಬಿ ಕಬ್ಬಕ್ಕಿಗಳ ಹಿಂಡು ಬರುತ್ತದೆ. ತಲೆ, ರೆಕ್ಕೆ ಕಪ್ಪು, ಮೈ ನಸುಗೆಂಪು. ಎಳೆಯವಾದರೆ ಬರೀ ಮಣ್ಣು ಬಣ್ಣ. ಸಂಜೆ ಮರಕ್ಕೆ ಇಳಿಯುವ ಮುಂಚೆ ಇಡೀ ಹಿಂಡು ಒಂದೇ ಮೈಯಾಗಿ ಆಕಾಶದಲ್ಲಿ ಹೊರಳುತ್ತದೆ. ಅಷ್ಟು ಹಕ್ಕಿಗಳು ಒಂದಕ್ಕೊಂದು ತಾಗದೆ ಹೇಗೆ ಹಾರುತ್ತವೆ ಎಂದು ಯಾರೂ ಕೇಳದಿದ್ದರೂ ನಾನು ಹೇಳುತ್ತಿದ್ದೆ. ಒಂದೊಂದು ಹಕ್ಕಿಯೂ ತನ್ನ ಪಕ್ಕದ ನಾಲ್ಕಾರು ಹಕ್ಕಿಗಳನ್ನಷ್ಟೇ ಗಮನಿಸುತ್ತದೆ, ಇಡೀ ಹಿಂಡಿನ ಚಿಂತೆ ಅದಕ್ಕಿಲ್ಲ ಎಂದು. ಹಾಲಿನ ಡೇರಿಯವನಿಗೆ ಹೇಳಿದೆ, ಬಸ್ಸಿನ ಕಂಡಕ್ಟರಿಗೂ ಹೇಳಿದೆ. ಕಂಡಕ್ಟರು ಚಿಲ್ಲರೆ ಕೊಟ್ಟು ಮುಂದೆ ಹೋದ.

ನನ್ನ ಆಸೆ ಮಾತ್ರ ಬೇರೆ ಹಕ್ಕಿಯ ಮೇಲಿತ್ತು. ಅದರ ಹೆಸರು ಸಾಮಾನ್ಯ ಕಬ್ಬಕ್ಕಿ. ಉತ್ತರದ ಕಡೆ ಚಳಿಗಾಲದಲ್ಲಿ ಎಲ್ಲೆಂದರಲ್ಲಿ ಸಿಗುತ್ತದಂತೆ, ನಮ್ಮ ಸೀಮೆಯಲ್ಲಿ ಕಂಡವರೇ ಅಪರೂಪ. ಪುಸ್ತಕದಲ್ಲಿದ್ದ ಲಕ್ಷಣಗಳೆಲ್ಲ ನನಗೆ ಬಾಯಿಪಾಠವಾಗಿದ್ದವು. ಹೊಳೆಯುವ ಕಪ್ಪು ಮೈ, ಚಳಿಗಾಲದಲ್ಲಿ ಅದರ ತುಂಬ ಬಿಳಿ ಚುಕ್ಕಿ, ಮೊಟಕು ಬಾಲ, ಹಾರುವಾಗ ತ್ರಿಕೋನದಂತೆ ಕಾಣುವ ಚೂಪು ರೆಕ್ಕೆ. ಕೊಕ್ಕು ಚಳಿಗಾಲದಲ್ಲಿ ಕಪ್ಪು, ಮರಿ ಮಾಡುವ ಕಾಲಕ್ಕೆ ಹಳದಿ. ಕುಪ್ಪಳಿಸುವುದಿಲ್ಲ, ಸರಸರ ನಡೆಯುತ್ತದೆ. ಮುಚ್ಚಿದ ಕೊಕ್ಕನ್ನು ನೆಲಕ್ಕೆ ಚುಚ್ಚಿ, ಮಣ್ಣಿನೊಳಗೇ ಅದನ್ನು ಅಗಲಿಸಿ, ಆದ ಸಂದಿಯಲ್ಲಿ ಹುಳ ಹುಡುಕುತ್ತದೆ. ಬೇರೆ ಹಕ್ಕಿಗಳ ಕೂಗನ್ನು ಕದ್ದು ಕೂಗುತ್ತದೆ. ತ್ರಿಕೋನ ಎಂಬ ಮಾತು ಓದಿದಾಗಲೇ ಈ ಹಕ್ಕಿ ನನಗಾಗಿ ಹುಟ್ಟಿದ್ದು ಎಂದು ತೀರ್ಮಾನಿಸಿಬಿಟ್ಟಿದ್ದೆ.

ನನ್ನ ಅಕ್ಕನ ಕಾಫಿ ತೋಟ ಇರುವುದು ಸೋಮವಾರಪೇಟೆಯ ಆಚೆ. ಭಾವ ತೀರಿಕೊಂಡ ಮೇಲೆ ಅಕ್ಕ, ಅವಳ ಮಗ, ಸೊಸೆ ಸೇರಿ ನೋಡಿಕೊಳ್ಳುತ್ತಾರೆ. ಆ ವರ್ಷ ಸೊಸೆ ಅಕ್ಕನನ್ನು ಕಣ್ಣಿನ ಕ್ಯಾಂಪಿಗೆ ಕರೆದುಕೊಂಡು ಹೋದಾಗ ಡಾಕ್ಟರು ಎರಡೂ ಕಣ್ಣಿಗೆ ಪೊರೆ ಬಂದಿದೆ, ಬಲಿಯುತ್ತಿದೆ, ತಡ ಮಾಡಬೇಡಿ ಎಂದಿದ್ದರು. ಅಕ್ಕನದು ಒಂದೇ ಮಾತು, "ನಂಗೆ ಎಲ್ಲಾ ಕಾಣ್ತದೆ." ಆದರೆ ಅವಳಿಗೆ ಬೆಳಕು ಹರಿಯುವ ಹೊತ್ತಿಗೆ ಒಬ್ಬಳೇ ತೋಟದ ಅಂಚಿನ ಕೊಟ್ಟಿಗೆಗೆ ಹೋಗುವ ಅಭ್ಯಾಸ, ಆ ಕಡೆಯ ತೋಟಗಳಿಗೆ ಆನೆ ಇಳಿಯುತ್ತದೆ. ಬೆಳಗಿನ ಮಂಜಿನಲ್ಲಿ ಸುಮ್ಮನೆ ನಿಂತ ಆನೆ ಒಳ್ಳೆಯ ಕಣ್ಣಿಗೇ ಕಾಣುವುದಿಲ್ಲ. ಸೊಸೆ ಹೆದರಿ, ಮಡಿಕೇರಿಯಲ್ಲಿ ಆಪರೇಷನ್ನಿಗೆ ದಿನ ಗೊತ್ತು ಮಾಡಿಕೊಂಡು, ಅತ್ತೆಯನ್ನು ಒಪ್ಪಿಸಿ ಎಂದು ನನಗೆ ಫೋನು ಮಾಡಿದಳು.

"ನಿಮ್ಮ ಮಾತಾದ್ರೆ ಕೇಳ್ತಾರೆ ಚಿಕ್ಕಮ್ಮ" ಎಂದಳು.

ಅಕ್ಕ ನನ್ನ ಮಾತನ್ನು ಯಾವತ್ತೂ ಕೇಳಿದವಳಲ್ಲ. ಆದರೂ ನನಗೆ ಕೋಡು ಮೂಡಿತು, ಹೊರಟೆ. ಬೈನಾಕ್ಯುಲರನ್ನು ಕೊರಳಿಗೆ ಹಾಕಿಕೊಂಡು ಹೊರಟೆ, ಅಲ್ಲೇ ಕೆಲಸ ಕೆಟ್ಟಿತು.

ನಾನು ಹೋದಾಗ ತೋಟದಲ್ಲಿ ಸುಣ್ಣದ ಕೆಲಸ ನಡೆದಿತ್ತು. ಅರೇಬಿಕಾ ಕಾಫಿ ಗಿಡಗಳಿಗೆ ಕಾಂಡಕೊರಕ ಎಂಬ ಹುಳದ ಕಾಟ. ಅದು ಮೊಟ್ಟೆ ಇಡದಿರಲಿ ಎಂದು ಕಾಂಡದ ಸಡಿಲ ತೊಗಟೆಯನ್ನು ತೆಂಗಿನ ನಾರಿನಿಂದ ಉಜ್ಜಿ ಉದುರಿಸಿ, ಮೇಲೆ ಸುಣ್ಣದ ನೀರು ಬಳಿಯುತ್ತಾರೆ. ಕಾಫಿ ಒಣಗಿಸುವ ಕಣದ ಮೂಲೆಯಲ್ಲಿ ಸುಣ್ಣ ಕದಡಿದ ನೀಲಿ ಡ್ರಮ್ಮು ಇತ್ತು. ಕೆಲಸದವರ ಕೈಕಾಲು, ತಲೆವಸ್ತ್ರ, ಗಿಡದ ಎಲೆ, ದಾರಿಯ ಕಲ್ಲು, ಎಲ್ಲದರ ಮೇಲೂ ಬಿಳಿ ಹನಿ. ಕರಿ ನಾಯಿ ಅಂತೂ ಜಿಂಕೆಯ ಹಾಗೆ ಕಾಣುತ್ತಿತ್ತು. ಇದನ್ನೆಲ್ಲ ನಾನು ಕಣ್ಣಾರೆ ನೋಡಿದ್ದೆ, ನಾಯಿಯನ್ನು ನೋಡಿ ನಕ್ಕೂ ಇದ್ದೆ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ.

ಕಾಫಿ ಕುಡಿದು ಜಗಲಿಗೆ ಬಂದು ಕೂತೆ. ಮನೆಯೆದುರು ಒಂದು ಹಾಲುವಾಣದ ಮರ ಇದೆ. ಅದರ ಬೋಳು ಕೊಂಬೆಯಿಂದ ಒಂದು ಹಕ್ಕಿ ನೆಲಕ್ಕೆ ಇಳಿದು, ಉದುರಿದ ತೊಗಟೆಯ ನಡುವೆ ಹುಳ ಹೆಕ್ಕುತ್ತಾ ಸರಸರ ನಡೆಯಿತು. ಕಪ್ಪು ಮೈ, ಬೆನ್ನಿನ ಮೇಲೆ ಬಿಳಿ ಚುಕ್ಕಿ. ಬೈನಾಕ್ಯುಲರ್ ಸರಿಮಾಡಿಕೊಳ್ಳುವಷ್ಟರಲ್ಲಿ ಅದು ಮತ್ತೆ ಕೊಂಬೆ ಹತ್ತಿ ಕೂತು ಕೂಗಿತು. ಅಲ್ಲಿಂದ ಮುಂದೆ ನಾನು ಮಾಡಿದ್ದು ಶುದ್ಧ ಕಳ್ಳ ಲೆಕ್ಕ. ಪುಸ್ತಕದ ಹಿಂದಿನ ಪುಟದಿಂದ ಉತ್ತರ ಕದ್ದು, ಮಧ್ಯದ ಹೆಜ್ಜೆಗಳನ್ನು ಹೇಗೋ ತುಂಬಿಸಿಕೊಂಡು ಬರುವ ಮಕ್ಕಳನ್ನು ನಾನು ಬೆಂಚಿನ ಮೇಲೆ ನಿಲ್ಲಿಸುತ್ತಿದ್ದೆ. ಅವತ್ತು ಬೆಂಚು ಹತ್ತಬೇಕಾದವಳು ನಾನೇ. ಕೊಕ್ಕು ಹಳದಿ ಇತ್ತು. ಈ ಹಕ್ಕಿಗೆ ಮರಿ ಮಾಡುವ ಕಾಲ ಬೇಗ ಬಂದಿರಬೇಕು ಎಂದುಕೊಂಡೆ. ಹಾರಿದಾಗ ರೆಕ್ಕೆಯಲ್ಲಿ ಬಿಳಿ ಪಟ್ಟೆ ಹೊಳೆಯಿತು. ಚುಕ್ಕಿಗಳೇ ಕೂಡಿಕೊಂಡು ಹಾಗೆ ಕಂಡಿವೆ ಎಂದುಕೊಂಡೆ. ಹಿಂಡು ಇರಲಿಲ್ಲ, ಪಾಪ, ದಾರಿ ತಪ್ಪಿ ಬಂದಿದೆ ಎಂದು ಕನಿಕರ ಪಟ್ಟೆ.

ಅಕ್ಕ ಪಕ್ಕದಲ್ಲೇ ಕೂತು ಕಿವಿಗೊಟ್ಟು ಕೇಳುತ್ತಿದ್ದಳು.

"ಗೊರವಂಕ ಕಣೆ ಅದು" ಎಂದಳು. "ದನಿ ಕೇಳು."

"ಅಕ್ಕ, ಕಬ್ಬಕ್ಕಿ ಬೇರೆ ಹಕ್ಕಿಗಳ ದನಿ ಕದಿಯುತ್ತೆ" ಎಂದೆ. "ಗೊರವಂಕದ ಹಾಗೆ ಕೂಗ್ತಿದೆ ಅಂದ್ರೆ ಅದು ಕಬ್ಬಕ್ಕಿನೇ ಅಂತಾಯ್ತು."

ವಾದದಲ್ಲಿ ಗೆದ್ದೆ ಎಂದು ನನಗೆ ಖುಷಿಯಾಯಿತು.

ಫೋಟೊ ತೆಗೆದು ಗುಂಪಿಗೆ ಹಾಕಿದೆ. ನನ್ನ ಮೊಬೈಲಿನಲ್ಲಿ ತೆಗೆದ ಹಕ್ಕಿಗಳೆಲ್ಲ ಒಣದ್ರಾಕ್ಷಿಯಂತೆ ಬರುತ್ತವೆ, ಇದೂ ಹಾಗೇ ಬಂತು. ಬಹಳ ಹೊತ್ತು ಯಾರೂ ಏನೂ ಬರೆಯಲಿಲ್ಲ. ಕೊನೆಗೆ ಒಬ್ಬರು, "ಮೇಡಂ, ಕೊಕ್ಕು ಸರಿಯಾಗಿ ಕಾಣ್ತಿಲ್ಲ. ನಿಮ್ಮ ಜೊತೆ ಬೇರೆ ಯಾರಾದ್ರೂ ನೋಡಿದ್ದಾರಾ?" ಎಂದು ಕೇಳಿದರು. ನನಗೆ ಸಿಟ್ಟು ಬಂತು. ಸಾಕ್ಷಿ ತಾನೇ, ಕೊಡೋಣ ಎಂದು ಅಕ್ಕನ ಕಡೆ ತಿರುಗಿದೆ. ಅಕ್ಕಿಯಲ್ಲಿ ಸಾಸಿವೆಯಷ್ಟು ಕಲ್ಲಿದ್ದರೂ ಆರಿಸಿ ಎಸೆಯುತ್ತಿದ್ದ ಕಣ್ಣು ಅವಳದು. ಚಿಕ್ಕವಳಿದ್ದಾಗ ನಾನು ಆರಿಸಿದ ಅಕ್ಕಿಯನ್ನು ಅವಳು ಮತ್ತೊಮ್ಮೆ ಆರಿಸುತ್ತಿದ್ದಳು.

"ಅಕ್ಕ, ಆ ಬೋಳು ಕೊಂಬೆ ಮೇಲೆ ಹಕ್ಕಿ ಕೂತಿದೆಯಲ್ಲ, ಕಾಣ್ತದಾ?"

"ಕಾಣದೆ ಏನು?"

"ಕಪ್ಪಗಿದೆ ಅಲ್ವಾ?"

"ಕಪ್ಪಗದೆ."

"ಬೆನ್ನ ಮೇಲೆಲ್ಲ ಬಿಳಿ ಚುಕ್ಕಿ ಇದ್ಯಲ್ವಾ?"

ಅಕ್ಕ ಕಣ್ಣು ಕಿರಿದು ಮಾಡಿ ಮರದ ಕಡೆ ನೋಡಿದಳು. "ಹೂಂ. ಚುಕ್ಕಿನೂ ಅದಾವೆ."

ಇನ್‌ಸ್ಪೆಕ್ಟರು ಶಾಲೆಗೆ ಬಂದ ದಿನ ನಾನು ಪ್ರಶ್ನೆ ಕೇಳುತ್ತಿದ್ದದ್ದು ಹೀಗೆಯೇ, ಉತ್ತರವನ್ನು ಪ್ರಶ್ನೆಯೊಳಗೇ ಕಟ್ಟಿ. ಅವತ್ತು ಅದು ಹೊಳೆಯಲಿಲ್ಲ. ನಮ್ಮಕ್ಕನೂ ನೋಡಿದ್ದಾರೆ, ಚುಕ್ಕಿಗಳು ಸ್ಪಷ್ಟ ಎಂದು ಗುಂಪಿಗೆ ಬರೆದು ಕಳಿಸಿದೆ. ಬರೆದು ಮುಗಿಸುವುದನ್ನೇ ಕಾಯುತ್ತಿದ್ದವಳಂತೆ ಅಕ್ಕ ಕೇಳಿದಳು.

"ಇಲ್ಲಿಂದ ಹಕ್ಕಿ ಬೆನ್ನಿನ ಚುಕ್ಕಿ ಕಾಣೋ ಕಣ್ಣಿಗೆ ಆಪರೇಷನ್ ಯಾತಕ್ಕೆ? ಓದಿದೋಳು ನೀನೇ ಹೇಳು."

ಅಕ್ಕನ ಕಣ್ಣು ಸರಿಯಿಲ್ಲ ಎಂದರೆ ನನ್ನ ಸಾಕ್ಷಿ ಬಿದ್ದುಹೋಗುತ್ತದೆ. ಸಾಕ್ಷಿ ನಿಲ್ಲಬೇಕಾದರೆ ಅಕ್ಕನ ಕಣ್ಣು ಸರಿಯಿರಬೇಕು. ಅಕ್ಕನನ್ನು ಒಪ್ಪಿಸಲು ಬಂದವಳು ಅಡುಗೆಮನೆಗೆ ಹೋಗಿ ಸೊಸೆಗೆ ಹೇಳಿದೆ, ನಾನೇ ಪರೀಕ್ಷೆ ಮಾಡಿದ್ದೇನೆ, ದೂರದ್ದೆಲ್ಲ ಚೆನ್ನಾಗಿ ಕಾಣುತ್ತಿದೆ, ಕಾಫಿ ಕುಯ್ಲು ಮುಗಿಯಲಿ, ಆಮೇಲೆ ನೋಡೋಣ ಎಂದು. ಸೊಸೆ ರೊಟ್ಟಿ ತಟ್ಟುತ್ತಿದ್ದ ಕೈ ನಿಲ್ಲಿಸಿ ನನ್ನನ್ನು ನೋಡಿದಳು.

"ನೀವೇ ಹೇಳಿದ ಮೇಲೆ ಆಯ್ತು ಚಿಕ್ಕಮ್ಮ" ಎಂದಳು. ಸಂಜೆಯೇ ಆಸ್ಪತ್ರೆಗೆ ಫೋನು ಮಾಡಿ ದಿನ ಬಿಡಿಸಿದಳು.

ಆಮೇಲೆ ನಾನು ಬಿಡುವು ಸಿಕ್ಕಾಗಲೆಲ್ಲ ಬಸ್ಸು ಹತ್ತಿ ಅಲ್ಲಿಗೆ ಓಡತೊಡಗಿದೆ. ಅಕ್ಕನನ್ನು ನೋಡಲು ಅಂತ ಹೆಸರು, ನೋಡುತ್ತಿದ್ದದ್ದು ಹಕ್ಕಿಯನ್ನು. ಅದರ ನಡಿಗೆ, ಹಾರಾಟ, ಜಗಳ ಎಲ್ಲಕ್ಕೂ ನನ್ನ ಬಳಿ ವ್ಯಾಖ್ಯಾನ ಇತ್ತು. ಅಕ್ಕ ಎಲ್ಲದಕ್ಕೂ ಹೂಂಗುಟ್ಟುತ್ತಿದ್ದಳು. ಹಣೆಯ ಮೇಲೆ ನೇರವಾಗಿ ಇಟ್ಟುಕೊಳ್ಳುತ್ತಿದ್ದ ವಿಭೂತಿ ಹುಬ್ಬಿನ ತನಕ ಇಳಿದಿತ್ತು. ಸೆಕೆ, ಬೆವರಿಗೆ ಇಳಿದಿದೆ ಎಂದುಕೊಂಡೆ, ಅದು ಚಳಿಗಾಲ. ಒಂದು ಮಧ್ಯಾಹ್ನ ಯಾರೋ ಸುಣ್ಣದ ಡ್ರಮ್ಮಿನ ಮೇಲೆ ಗೋಣಿಚೀಲ ಹೊದಿಸಿ ಹೋಗಿದ್ದರು. ಅಕ್ಕ ಅದರ ಕಡೆ ತಿರುಗಿ, "ಅಲ್ಯಾಕೆ ನಿಂತಿದ್ದೀಯ? ಬಾ, ಕಾಫಿ ಕುಡ್ಕಂಡು ಹೋಗು" ಎಂದಳು. ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ. ಅಕ್ಕ ಮೊದಲಿಂದಲೂ ತಮಾಷೆಯವಳು. ನಾನು ನಕ್ಕದ್ದನ್ನು ಕೇಳಿ ಅವಳೂ ನಕ್ಕಳು. ಈಗ ನೆನೆದರೆ, ಅವಳು ನಕ್ಕದ್ದು ನನಗಿಂತ ಸ್ವಲ್ಪ ತಡವಾಗಿ.

ಕುಯ್ಲು ಶುರುವಾದ ಹೊತ್ತಿಗೆ ಸೈಕ್ಲೋನ್ ಮಳೆ ಹಿಡಿಯಿತು. ಕಣದಲ್ಲಿದ್ದ ಕಾಫಿಯನ್ನೆಲ್ಲ ಗುಡ್ಡೆ ಮಾಡಿ ಟಾರ್ಪಾಲು ಮುಚ್ಚಿದರು. ಎಲ್ಲರಿಗೂ ಕಾಫಿಯ ಚಿಂತೆ, ನನಗೆ ಹಕ್ಕಿಯದು. ಮಳೆ ಬಿಟ್ಟದ್ದೇ ಬಸ್ಸು ಹತ್ತಿದೆ. ಬಿಸಿಲು ಬಂದಿತ್ತು. ಸುಣ್ಣ ತೊಳೆದುಹೋಗಿ ಎಲೆಗಳೆಲ್ಲ ಹಸಿರಾಗಿದ್ದವು, ದಾರಿಯ ಕಲ್ಲುಗಳು ಕಪ್ಪಗಾಗಿದ್ದವು, ನಾಯಿ ಮತ್ತೆ ಬರೀ ಕರಿ ನಾಯಿಯಾಗಿ ಬಾಲ ಅಲ್ಲಾಡಿಸುತ್ತಾ ಬಂತು. ಇಷ್ಟಾದರೂ ನನಗೆ ಬುದ್ಧಿ ಬರಲಿಲ್ಲ.

ಅಕ್ಕ ಜಗಲಿಯಲ್ಲಿ ಕೂತು ಮೊರದಲ್ಲಿ ಕಾಫಿ ಹಣ್ಣು ಹರಡಿಕೊಂಡು, ಹಸಿರು ಕಾಯಿಗಳನ್ನು ಬೆರಳಿನಿಂದ ಒತ್ತಿ ನೋಡಿ ಬೇರೆ ಮಾಡುತ್ತಿದ್ದಳು. ಪಕ್ಕದಲ್ಲಿ ಕೂತು ಬೈನಾಕ್ಯುಲರ್ ಎತ್ತಿದೆ. ಹಾಲುವಾಣದ ಅದೇ ಕೊಂಬೆಯ ಮೇಲೆ, ಅದೇ ಜಾಗದಲ್ಲಿ, ಒಂದು ಕಾಡು ಗೊರವಂಕ ಕೂತಿತ್ತು. ಹಳದಿ ಕೊಕ್ಕು, ಕೊಕ್ಕಿನ ಬುಡದಲ್ಲಿ ನಿಮಿರಿದ ಪುಟ್ಟ ಜುಟ್ಟು, ಹಳದಿ ಕಾಲು. ಮೈ ಮೇಲೆ ಒಂದೇ ಒಂದು ಚುಕ್ಕಿ ಇರಲಿಲ್ಲ. ಕುತ್ತಿಗೆಯ ಹಿಂದೆ, ಮಳೆ ತಾಗದ ಕಡೆ, ಚೂರು ಸುಣ್ಣ ಅಂಟಿಕೊಂಡಿತ್ತು. ಅದು ಕಾಲೆತ್ತಿ ಆ ಜಾಗವನ್ನು ಕೆರೆದುಕೊಂಡಿತು. ಆಮೇಲೆ ಹಾರಿತು. ರೆಕ್ಕೆಯ ಬಿಳಿ ಪಟ್ಟೆ ಹೊಳೆಸಿಕೊಂಡು ತೋಟದ ಆಚೆ ಹೊರಟೇಹೋಯಿತು.

ಮುಖಕ್ಕೆ ಯಾರೋ ನೀರೆರಚಿದ ಹಾಗಾಯಿತು. ಗುಂಪಿನವರಿಗೆ ಏನು ಹೇಳುವುದು ಎಂಬುದೇ ನನ್ನ ಮೊದಲ ಯೋಚನೆ, ನಾಚಿಕೆಯಾದರೂ ಇದು ನಿಜ. ಮರುಗಳಿಗೆಗೆ, ನನ್ನ ಕಣ್ಣೇ ಎಲ್ಲೋ ತಪ್ಪಿತೇನೋ ಎಂಬ ಕೊನೆಯ ಆಸೆಯಿಂದ ಸೂಕ್ಷ್ಮ ಕಣ್ಣಿನ ಅಕ್ಕನನ್ನು ಕೇಳಿದೆ.

"ಅಕ್ಕ, ಇವತ್ತು ಚುಕ್ಕಿ ಕಂಡ್ವಾ?"

ಅಕ್ಕ ತಲೆಯೆತ್ತಿ ಖಾಲಿ ಕೊಂಬೆಯನ್ನು ನೋಡಿದಳು. "ಕಾಣ್ತಾ ಅದಾವಲ್ಲ" ಎಂದಳು. "ಮಳೇಲಿ ತೊಳ್ದು ಇನ್ನೂ ಬೆಳ್ಳಗಾಗ್ಯಾವೆ."

ಅವಳ ಮುಖವನ್ನು ನೋಡಿದೆ. ಅಷ್ಟು ದಿನ ಪಕ್ಕದಲ್ಲೇ ಕೂತಿದ್ದರೂ ಅವಳನ್ನು ನೋಡಿದ್ದು ಅವತ್ತೇ. ಕಣ್ಣಿನ ಕಪ್ಪು ಗುಡ್ಡೆಯಲ್ಲಿ ಬಿಳಿ ಕವಿದಿತ್ತು. ಅದನ್ನು ನೋಡಲು ಬೈನಾಕ್ಯುಲರ್ ಬೇಕಿರಲಿಲ್ಲ. ಪಕ್ಕದ ಹಕ್ಕಿಯನ್ನು ಗಮನಿಸಿಕೊಂಡು ಹಾರುವ ಕಬ್ಬಕ್ಕಿಗಳ ಬಗ್ಗೆ ಊರಿಗೆಲ್ಲ ಪಾಠ ಮಾಡಿದವಳು ನಾನು. ಇವಳು ಆ ಕಣ್ಣಿಟ್ಟುಕೊಂಡು ದಿನಾ ಮಂಜಿನಲ್ಲಿ ಕೊಟ್ಟಿಗೆಗೆ ಹೋಗಿ ಬರುತ್ತಿದ್ದಳು, ನಾನು ಬರೆದುಕೊಟ್ಟ ಸರ್ಟಿಫಿಕೇಟಿನ ಬಲದ ಮೇಲೆ. ಭಯವಾಯಿತು. ನನ್ನ ಮೇಲೆ ನನಗೇ ಹೇಸಿಗೆಯೂ ಆಯಿತು.

"ಅಕ್ಕ, ಹಕ್ಕಿ ಹಾರಿಹೋಯ್ತು" ಎಂದೆ.

ಮೊರದ ಮೇಲೆ ಓಡುತ್ತಿದ್ದ ಕೈ ನಿಂತಿತು. "ಯಾವಾಗ?"

"ನಾನು ಕೇಳೋಕೆ ಮುಂಚೆನೇ. ಆ ಹಕ್ಕಿಗೆ ಚುಕ್ಕಿನೂ ಇರ್ಲಿಲ್ಲ. ನೀನು ಹೇಳಿದ್ದೇ ಸರಿ, ಅದು ಗೊರವಂಕ. ಕಾಂಡಕ್ಕೆ ಬಳಿಯೋ ಸುಣ್ಣ ಮೈಮೇಲೆ ಸಿಡಿದಿತ್ತು, ಮಳೆಗೆ ತೊಳೆದುಹೋಗಿದೆ."

ಅಕ್ಕನ ಭುಜ ಅಲುಗತೊಡಗಿತು. ಅಳುತ್ತಿದ್ದಾಳೆ ಎಂದುಕೊಂಡೆ, ನಗುತ್ತಿದ್ದಳು. ನಕ್ಕು ನಕ್ಕು ಕಣ್ಣಲ್ಲಿ ನೀರು ಬಂತು.

"ನೀನು ಸುಣ್ಣನಾದ್ರೂ ನೋಡ್ದೆ ಕಣೆ" ಎಂದಳು. "ನಾನು ಹಕ್ಕೀನೇ ನೋಡಿಲ್ಲ."

ನನಗೆ ನಗು ಬರಲಿಲ್ಲ. ಮತ್ಯಾಕೆ ಕಾಣ್ತದೆ ಅಂದೆ ಎಂದು ಸಿಟ್ಟಿನಿಂದಲೇ ಕೇಳಿದೆ. ಸಿಟ್ಟು ಯಾರ ಮೇಲೆ ಎಂದು ಇಬ್ಬರಿಗೂ ಗೊತ್ತಿತ್ತು.

"ಕಣ್ಣಿಗೆ ಕತ್ತರಿ ಹಾಕ್ತಾರಲ್ಲ ಅಂತ ಭಯ" ಎಂದಳು ಅಕ್ಕ. ಮೊರದಲ್ಲಿನ ಕಾಫಿ ಹಣ್ಣನ್ನು ಸುಮ್ಮನೆ ಸರಿಸಿದಳು. "ಈಗ ಮಬ್ಬಾಗಾದ್ರೂ ಕಾಣ್ತದೆ, ಅದೂ ಹೋದ್ರೆ? ಆಮೇಲೆ ನೀನೂ ದಿನ ಬಿಟ್ಟು ದಿನ ಬರಕ್ಕೆ ಹಿಡಿದೆ. ನಂಗೆ ಕಾಣಲ್ಲ ಅಂದ್ರೆ ನೀನು ಯಾರಿಗೆ ತೋರ್ಸಕ್ಕೆ ಬರ್ತೀಯ?"

ನಾನು ಬೈನಾಕ್ಯುಲರನ್ನು ಕೊರಳಿಂದ ತೆಗೆದು ಕೆಳಗಿಟ್ಟೆ. ಎದ್ದು ಅಡುಗೆಮನೆಗೆ ಹೋಗಿ, ಮತ್ತೆ ದಿನ ಕೇಳು ಎಂದು ಸೊಸೆಗೆ ಹೇಳಿದೆ. ಅವಳು ಕೈ ಒರೆಸಿಕೊಂಡು ಆಗಲೇ ಫೋನು ಎತ್ತಿಕೊಂಡಳು, ನನಗೆ ಇನ್ನಷ್ಟು ನಾಚಿಕೆಯಾಯಿತು. ಆಪರೇಷನ್ ಆಗುವ ತನಕ ಅಲ್ಲೇ ಉಳಿದೆ. ಬೆಳಿಗ್ಗೆ ಅಕ್ಕನ ಜೊತೆ ಕೊಟ್ಟಿಗೆಗೆ ಟಾರ್ಚು ಹಿಡಿದು ಹೋಗುವುದು ನನ್ನ ಕೆಲಸವಾಯಿತು. ದಾರಿಯುದ್ದಕ್ಕೂ ನಾನು ಎಡವುತ್ತಿದ್ದೆ, ಅಕ್ಕ ಕೈ ಹಿಡಿದುಕೊಳ್ಳುತ್ತಿದ್ದಳು. ಗುಂಪಿಗೂ ಬರೆದು ಕಳಿಸಿದೆ, ಅದು ಕಾಡು ಗೊರವಂಕ, ಚುಕ್ಕಿಗಳು ಸುಣ್ಣದವು, ತಪ್ಪು ನನ್ನದು ಎಂದು. ಈ ಸಲ ಉತ್ತರಗಳು ತಕ್ಷಣ ಬಂದವು. ನಗುವ ಮುಖಗಳ ಸಾಲೇ ಬಂತು, ನಾನು ತಿದ್ದಿದ್ದವರೆಲ್ಲ ಒಬ್ಬೊಬ್ಬರಾಗಿ ಬಂದು ನಕ್ಕು ಹೋದರು.

ಮೊದಲು ಬಲಗಣ್ಣಿಗೆ ಆಪರೇಷನ್ ಆಯಿತು. ಮಾರನೆಯ ಬೆಳಿಗ್ಗೆ ನರ್ಸು ಪಟ್ಟಿ ಬಿಚ್ಚುವಾಗ ನಾನು ಮಂಚದ ಎದುರು ಸ್ಟೂಲಿನ ಮೇಲೆ ಕೂತಿದ್ದೆ. ಅಕ್ಕ ಮೆಲ್ಲಗೆ ಕಣ್ಣು ತೆರೆದಳು. ಮೊದಲು ಕಿಟಕಿ ನೋಡಿದಳು, ಆಮೇಲೆ ತನ್ನ ಕೈಯನ್ನು ತಿರುಗಿಸಿ ತಿರುಗಿಸಿ ನೋಡಿಕೊಂಡಳು, ಆಮೇಲೆ ನನ್ನನ್ನು. ಕಣ್ಣು ನನ್ನ ಮೇಲೇ ನಿಂತಿತು.

"ಹತ್ರ ಬಾ" ಎಂದಳು.

ಬಗ್ಗಿದೆ. ಸೆರಗಿನ ತುದಿಯನ್ನು ನಾಲಿಗೆಯಲ್ಲಿ ಒದ್ದೆ ಮಾಡಿಕೊಂಡು ನನ್ನ ಕೆನ್ನೆಯನ್ನು ಉಜ್ಜತೊಡಗಿದಳು. ನಾನು ಚಿಕ್ಕವಳಿದ್ದಾಗ ಶಾಲೆಗೆ ಹೋಗುವ ಮುಂಚೆ ದಿನಾ ಹೀಗೇ ಉಜ್ಜಿ ಕಳಿಸುತ್ತಿದ್ದಳು.

"ಏನೇ ಇದು, ಮುಖದ ತುಂಬ ಕಾಫಿ ಕರೆ. ಆಸ್ಪತ್ರೆಗೆ ಬರೋಳು ಮುಖ ತೊಳ್ಕಂಡು ಬರಬಾರ್ದಿತ್ತಾ?"

"ಕರೆ ಅಲ್ಲ ಅಕ್ಕ" ಎಂದೆ. "ವಯಸ್ಸಾಯ್ತಲ್ಲ, ಚುಕ್ಕಿ ಬಂದಾವೆ."

ಅಕ್ಕ ನನ್ನ ಗಲ್ಲ ಹಿಡಿದು ಬೆಳಕಿಗೆ ತಿರುಗಿಸಿ, ಅಕ್ಕಿಯಲ್ಲಿ ಕಲ್ಲು ನೋಡುವ ಹಾಗೆ ನೋಡಿದಳು.

"ಯಾವಾಗ ಬಂದ್ವು?"

"ಬಹಳ ದಿನ ಆಯ್ತು."

"ನಂಗೆ ಕಾ‌ಣ್ಲೇ ಇಲ್ಲ" ಎಂದಳು. ಉಜ್ಜುವುದನ್ನು ಮಾತ್ರ ನಿಲ್ಲಿಸಲಿಲ್ಲ. ನಾನೂ ಮುಖ ತಿರುಗಿಸಲಿಲ್ಲ.